ಪ್ರಹ್ಲಾದನಿಂದ ಹಿರಣ್ಯಕಶಿಪುವಿನವರೆಗೆ: ಬಾಲನಟರ ಬಣ್ಣ, ಗರಡಿಯ ಮಣ್ಣು

ನಮ್ಮ ತಾತ ಊರಲ್ಲಿ ಎರಡು ಕಾರಣಕ್ಕೆ ಹೆಸರಾಗಿದ್ದರು. ಹತ್ತು ವರ್ಷದ ಹುಡುಗನಿದ್ದಾಗ ಊರ ನಾಟಕದಲ್ಲಿ ಪ್ರಹ್ಲಾದನ ಪಾರ್ಟು ಮಾಡಿದ್ದರಂತೆ. ಮೀಸೆ ಚಿಗುರಿದ ಮೇಲೆ ಗರಡಿಗೆ ಇಳಿದು, ಸುತ್ತಲಿನ ಜಾತ್ರೆಗಳಲ್ಲಿ ಜೋಡಿ ಕಟ್ಟಿ ಕುಸ್ತಿ ಆಡಿದರು, ಪಂದ್ಯಕ್ಕೆ ನಿಂತು ಗುಂಡು ಎತ್ತಿದರು. ಚಳ್ಳಕೆರೆ ತಾಲ್ಲೂಕಿನ ಗಡಿ ಕಡೆಯ ನಮ್ಮೂರಲ್ಲಿ ಇದೇನೂ ದೊಡ್ಡ ವಿಷಯವಲ್ಲ. ಹಳೇ ತಲೆಮಾರಿನ ಮನೆಗಳಲ್ಲಿ ಇಂಥವರು ಒಬ್ಬರಾದರೂ ಇರುತ್ತಿದ್ದರು.

ನಾನು ಡಿಪ್ಲೊಮಾ ಮುಗಿಸಿ ಸ್ಟ್ರಿಂಗರ್ ಆದ ಹೊಸದು. ಪತ್ರಕರ್ತ ಅಂತ ಒಂದು ಕಾರ್ಡು ಜೇಬಲ್ಲಿದೆ, ತಾತನಿಗೆ ಮಾಸಾಶನ ಮಾಡಿಸೋಣ ಅಂತ ಒಂದು ಕಚೇರಿಗೆ ಹೋದೆ. ಮೇಜಿನ ಆಚೆ ಕೂತವರು ಕೇಳಿದ ಮೊದಲ ಪ್ರಶ್ನೆ: ‘ಕಲಾವಿದರೋ, ಪೈಲ್ವಾನರೋ?’

‘ಎರಡೂ ಸಾರ್.’

‘ಎರಡೂ ಆಗಲ್ಲ. ಒಂದು ಹೇಳಿ.’

ಅವರು ಹೇಳಿದ್ದು ತಪ್ಪಲ್ಲ. ನಮ್ಮ ರಾಜ್ಯದಲ್ಲಿ ಕಷ್ಟದಲ್ಲಿರುವ ಹಿರಿಯ ಕಲಾವಿದರಿಗೆ ಒಂದು ಇಲಾಖೆಯಿಂದ ಮಾಸಾಶನ, ಮಾಜಿ ಕುಸ್ತಿಪಟುಗಳಿಗೆ ಇನ್ನೊಂದು ಇಲಾಖೆಯಿಂದ ಮಾಸಾಶನ. ಅರ್ಜಿ ಬೇರೆ, ದಾಖಲೆ ಬೇರೆ. ಮನೆಗೆ ಬಂದು ತಾತನಿಗೆ ಹೇಳಿದೆ. ಅವರು ಎಲೆಅಡಿಕೆ ಉಗಿದು ನಕ್ಕರು: ‘ಪ್ರಹ್ಲಾದಗೆ ಒಂದು ಆಫೀಸು, ಹಿರಣ್ಯಕಶಿಪುಗೆ ಒಂದು ಆಫೀಸು ಐತೇನಲೇ? ಎರಡೂ ಮಾಡಿದೋನು ಎಲ್ಲಿಗೆ ಹೋಗ್ಬೇಕು?’

ಅವರು ಎರಡೂ ಮಾಡಿದ್ದರು. ಹುಡುಗನಾಗಿ ಪ್ರಹ್ಲಾದ, ನಲವತ್ತು ದಾಟಿದ ಮೇಲೆ ಅದೇ ನಾಟಕದಲ್ಲಿ ಹಿರಣ್ಯಕಶಿಪು. ಆ ಎರಡು ಪಾರ್ಟುಗಳ ನಡುವಿನ ಮೂವತ್ತು ವರ್ಷವನ್ನು ತುಂಬಿದ್ದು ಗರಡಿ. ತಾತ ಅಂದು ತಮಾಷೆಗೆ ಕೇಳಿದ ಪ್ರಶ್ನೆ ನನ್ನ ತಲೆಯಲ್ಲಿ ಉಳಿದುಬಿಟ್ಟಿತು. ಕನ್ನಡ ನಾಟಕ, ಸಿನಿಮಾದ ಚರಿತ್ರೆಯನ್ನು ಓದುತ್ತಾ ಹೋದಂತೆ ಇದು ನಮ್ಮೂರೊಂದರ ಕಥೆಯಲ್ಲ ಅನ್ನುವುದು ಗೊತ್ತಾಯಿತು.

ಮಟ್ಟಿಯ ಲೆಕ್ಕ

ಮೊದಲು ಗರಡಿ ಮನೆ ನೋಡದವರಿಗೆ ಎರಡು ಮಾತು. ಬಾಗಿಲು ಗಿಡ್ಡ, ತಲೆ ಬಗ್ಗಿಸಿಯೇ ಒಳಗೆ ಹೋಗಬೇಕು. ಒಳಗೆ ಗುಂಡಿಯ ತುಂಬ ಸೋಸಿದ ಕೆಮ್ಮಣ್ಣು. ಅದಕ್ಕೆ ಎಣ್ಣೆ, ಮಜ್ಜಿಗೆ, ಅರಿಸಿನ ಬೆರೆಸಿ ಹದ ಮಾಡಿರುತ್ತಾರೆ. ಅದೇ ಮಟ್ಟಿ. ಗೋಡೆಗೆ ಹನುಮಂತನ ಪಟ. ಮೂಲೆಯಲ್ಲಿ ಮರದ ಗದೆ, ಲೋಡು, ಕಲ್ಲಿನ ಗುಂಡು. ಹುಡುಗರು ಮೊದಲು ಮಾಡುವುದು ದಂಡ ಮತ್ತು ಬಸ್ಕಿ. ಸಾಮು ಮಾಡಿ ಮೈ ಹದಕ್ಕೆ ಬಂದ ಮೇಲೆಯೇ ಉಸ್ತಾದ್ ಪಟ್ಟು ಹೇಳಿಕೊಡುತ್ತಾರೆ.

ನಮ್ಮ ಜಿಲ್ಲೆಗೆ ಇದು ಹಳೆಯ ಸಂಗತಿ. ಚಿತ್ರದುರ್ಗದ ಪಾಳೆಯಗಾರರ ಹೆಸರನ್ನೇ ನೋಡಿ. ‘ಮದಕರಿ’ ಅಂದರೆ ಮದವೇರಿದ ಆನೆಯನ್ನು ಮಣಿಸಿದವನು ಅಂತ ಜನ ಬಿಡಿಸಿ ಹೇಳುತ್ತಾರೆ. ನಾಯಕರ ಆಳ್ವಿಕೆ ಮುಗಿದು ಎರಡು ಶತಮಾನ ಕಳೆದರೂ ಚಳ್ಳಕೆರೆ, ಮೊಳಕಾಲ್ಮುರು ಕಡೆಯ ಹಳ್ಳಿಗಳಲ್ಲಿ ತೋಳಿಗೆ ಇದ್ದ ಮರ್ಯಾದೆ ಕಡಿಮೆಯಾಗಲಿಲ್ಲ. ರಾಜ್ಯದಲ್ಲೇ ಅತಿ ಕಡಿಮೆ ಮಳೆ ಬೀಳುವ ತಾಲ್ಲೂಕುಗಳಿವು. ಶೇಂಗಾ ಕಿತ್ತ ಮೇಲೆ ಕೈಗೆ ಕೆಲಸ ಇರುವುದಿಲ್ಲ. ಆ ಬಿಡುವಿನಲ್ಲೇ ಜಾತ್ರೆ, ಅದೇ ಬಿಡುವಿನಲ್ಲೇ ನಾಟಕ. ಹಗಲು ಕುಸ್ತಿ ಕಣ, ರಾತ್ರಿ ರಂಗಸ್ಥಳ. ಜನ ಒಂದೇ, ಸುಗ್ಗಿಯ ದುಡ್ಡೂ ಒಂದೇ. ಹಗಲು ಕಣದಲ್ಲಿ ಎದುರಾಳಿಯನ್ನು ಚಿತ್ ಮಾಡಿದವನು ರಾತ್ರಿ ಭೀಮನೋ ದುರ್ಯೋಧನನೋ ಆಗಿ ಗದೆ ಹೊತ್ತು ಬಂದರೆ ಜನಕ್ಕೆ ನಂಬಿಕೆ ಬೇಗ ಬರುತ್ತಿತ್ತು.

ಇಲ್ಲಿ ಇನ್ನೊಂದು ಲೆಕ್ಕವೂ ಇದೆ. ಪೌರಾಣಿಕ ನಾಟಕದಲ್ಲಿ ಹುಡುಗರಿಗೆ ಕಾಯಂ ಜಾಗವಿತ್ತು. ಪ್ರಹ್ಲಾದ, ಲೋಹಿತಾಶ್ವ, ಲವಕುಶ, ಬಾಲಕೃಷ್ಣ, ಮಾರ್ಕಂಡೇಯ. ಈ ಎಲ್ಲ ಮಕ್ಕಳ ಎದುರು ಒಬ್ಬ ಭಾರೀ ಆಳು ನಿಂತಿರುತ್ತಾನೆ. ಪ್ರಹ್ಲಾದನ ಎದುರು ಹಿರಣ್ಯಕಶಿಪು, ಕೃಷ್ಣನ ಎದುರು ಕಂಸ, ಲೋಹಿತಾಶ್ವನ ಹೆಣಕ್ಕೆ ಸುಂಕ ಕೇಳುವ ಸುಡುಗಾಡಿನಲ್ಲಿ ವೀರಬಾಹು, ಮಾರ್ಕಂಡೇಯನ ಎದುರು ಯಮ. ನಾಟಕ ನಿಲ್ಲುವುದೇ ಈ ಜೋಡಿಯ ಮೇಲೆ. ಕುಸ್ತಿಯಲ್ಲಿ ಸಮ ಸಮ ಜೋಡಿ ಕಟ್ಟುತ್ತಾರೆ, ನಾಟಕದಲ್ಲಿ ಬೇಕೆಂದೇ ವಿಷಮ ಜೋಡಿ ಕಟ್ಟುತ್ತಾರೆ. ಮಗು ಎಷ್ಟು ಸಣ್ಣದೋ, ದೈತ್ಯ ಎಷ್ಟು ದೊಡ್ಡವನೋ, ನಾಟಕ ಅಷ್ಟು ಏರುತ್ತದೆ.

ಹಾಗಾದರೆ ಪ್ರಹ್ಲಾದನ ಪಾರ್ಟು ಮಾಡಿದ ಹುಡುಗನಿಗೆ ಹದಿನಾಲ್ಕು ಹದಿನೈದಾಗಿ ಗಂಟಲು ಒಡೆದರೆ ಏನು ಗತಿ? ಮಗುವಿನ ಪಾರ್ಟು ಹೋಯಿತು, ದೊಡ್ಡ ಪಾರ್ಟಿಗೆ ಮೈ ಬಂದಿಲ್ಲ. ಆ ನಡುವಿನ ವರ್ಷಗಳನ್ನು ದಾಟಿದವರು ನಟರಾಗಿ ಉಳಿದರು. ದಾಟಲಾರದವರು ಪರದೆ ಎಳೆಯುವ, ಪೆಟ್ಟಿಗೆ ಹೊರುವ ಕೆಲಸಕ್ಕೆ ಇಳಿದರು, ಇಲ್ಲವೇ ಊರಿಗೆ ಮರಳಿದರು. ಚರಿತ್ರೆಯಲ್ಲಿ ಮೊದಲಿನವರ ಹೆಸರಷ್ಟೇ ಸಿಗುತ್ತದೆ.

ಹೊಳಲ್ಕೆರೆಯ ಹುಡುಗ ರಾವಣನಾದ ಬಗೆ

ದಾಟಿದವರಲ್ಲಿ ದೊಡ್ಡ ಹೆಸರು ನಮ್ಮ ಜಿಲ್ಲೆಯದೇ. ಆರ್. ನಾಗೇಂದ್ರರಾಯರು ಹುಟ್ಟಿದ್ದು 1896ರಲ್ಲಿ ಹೊಳಲ್ಕೆರೆಯಲ್ಲಿ. ಎಂಟು ವರ್ಷಕ್ಕೇ ಬಣ್ಣ ಹಚ್ಚಿದರು. ಹೆಣ್ಣುಮಕ್ಕಳು ರಂಗಕ್ಕೆ ಬರುವುದು ಕಷ್ಟವಿದ್ದ ಕಾಲ ಅದು. ಹಾಗಾಗಿ ಎಳೆಯ ಮುಖದ, ಒಳ್ಳೆ ಕಂಠದ ಹುಡುಗರಿಗೆ ಸ್ತ್ರೀಪಾತ್ರ ಕಟ್ಟಿಟ್ಟದ್ದು. ನಾಗೇಂದ್ರರಾಯರು ಮಾಡಿದ್ದೂ ಅದನ್ನೇ.

ಅದೇ ಹುಡುಗ 1934ರ ಮಾರ್ಚ್ 3ರಂದು ಬಿಡುಗಡೆಯಾದ ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ದಲ್ಲಿ ರಾವಣ. ಇಂದ್ರಜಿತುವಾಗಿ ಎಂ.ವಿ. ಸುಬ್ಬಯ್ಯನಾಯ್ಡು, ಸುಲೋಚನೆಯಾಗಿ ತ್ರಿಪುರಾಂಬ, ನಿರ್ದೇಶನ ವೈ.ವಿ. ರಾವ್. ಚಿತ್ರೀಕರಣವಾದದ್ದು ಕೊಲ್ಲಾಪುರದಲ್ಲಿ. ಹೆಣ್ಣು ವೇಷದ ಎಳೆ ಹುಡುಗ ಹತ್ತು ತಲೆಯ ರಾವಣನಾಗುವ ಹೊತ್ತಿಗೆ ನಡುವೆ ಸುಮಾರು ಮೂವತ್ತು ವರ್ಷ. ಈ ಚಿತ್ರದ ಪ್ರತಿ ಇಂದು ಉಳಿದಿಲ್ಲ. ಕನ್ನಡ ಬೆಳ್ಳಿತೆರೆಯ ಮೊದಲ ದೈತ್ಯ ನಮ್ಮ ಜಿಲ್ಲೆಯವನು ಅಂತ ಹೇಳಿಕೊಳ್ಳಬಹುದು, ತೋರಿಸಲು ಚಿತ್ರ ಮಾತ್ರ ಇಲ್ಲ.

ರಾವಣನಿಗೆ ಮೈ ಯಾಕೆ ಬೇಕಿತ್ತು ಅಂತ ಕೇಳಬಹುದು. ಮೈಕು ಇಲ್ಲದ ಕಾಲದ ನಾಟಕವನ್ನು ನೆನಪಿಸಿಕೊಳ್ಳಿ. ತಗಡಿನ ಥಿಯೇಟರಿನ ಕೊನೇ ಸಾಲಿಗೆ ಮಾತು ಮುಟ್ಟಬೇಕು. ಹಾರ್ಮೋನಿಯಂ ಮಾಸ್ತರು ಏರಿಸಿದ ಶ್ರುತಿಗೆ ಪದ್ಯ ಹಾಡಬೇಕು. ಕಿರೀಟ, ಭುಜಕೀರ್ತಿ, ಎದೆಹಾರ ಹೊತ್ತು ನಡುರಾತ್ರಿಯಿಂದ ಬೆಳಗಿನ ಜಾವದವರೆಗೆ ನಿಲ್ಲಬೇಕು. ಇದಕ್ಕೆ ಎದೆ ಬೇಕು, ತೊಡೆ ಬೇಕು, ಉಸಿರು ಬೇಕು. ಗರಡಿಯ ದಂಡ, ಬಸ್ಕಿ ಕೊಡುವುದು ಇದನ್ನೇ. ತಾತ ಹೇಳುತ್ತಿದ್ದ ಮಾತು ಇಷ್ಟು: ‘ಬಸ್ಕಿ ಹೊಡೀದೋನಿಗೆ ಎರಡನೇ ಪದ್ಯಕ್ಕೇ ತೊಡೆ ನಡುಗ್ತಾವೆ.’

ಅಪ್ಪನ ಹಿರಣ್ಯಕಶಿಪು, ಮಗನ ಹಿರಣ್ಯಕಶಿಪು

1884ರಲ್ಲಿ ಶುರುವಾದ ಗುಬ್ಬಿ ಕಂಪನಿ ಬಾಲನಟರ ದೊಡ್ಡ ಮನೆ. ಕಂಪನಿಯ ಯಜಮಾನ ಗುಬ್ಬಿ ವೀರಣ್ಣನವರೇ ಚಿಕ್ಕ ಹುಡುಗನಾಗಿ ಅದರೊಳಗೆ ಬಂದವರು. 1930ರ ದಶಕದಲ್ಲಿ ಇದೇ ಕಂಪನಿ ‘ಕುರುಕ್ಷೇತ್ರ’ ನಾಟಕಕ್ಕೆ ನಿಜವಾದ ಆನೆ, ಕುದುರೆಗಳನ್ನೇ ರಂಗಕ್ಕೆ ತಂದಿತು. ಆನೆಯ ಪಕ್ಕ ನಿಂತಾಗಲೂ ಜನ ಭೀಮನನ್ನೇ ನೋಡಬೇಕೆಂದರೆ ಭೀಮ ಹೇಗಿರಬೇಕು, ನೀವೇ ಯೋಚಿಸಿ.

ಆ ಕಂಪನಿಯಲ್ಲಿ ಸಿಂಗಾನಲ್ಲೂರು ಪುಟ್ಟಸ್ವಾಮಯ್ಯ ಅಂತ ಒಬ್ಬರಿದ್ದರು. ಹಿರಣ್ಯಕಶಿಪು, ರಾವಣ, ಕಂಸನಂಥ ರೌದ್ರ ಪಾತ್ರಗಳಿಗೆ ಹೆಸರಾದವರು. ಅವರ ಮಗ ಮುತ್ತುರಾಜ ಹುಟ್ಟಿದ್ದು 1929ರಲ್ಲಿ. ಓದು ಪ್ರಾಥಮಿಕ ಶಾಲೆಗೇ ನಿಂತಿತು. ಅಪ್ಪನ ಹಿಂದೆ ಕಂಪನಿಗೆ ಬಂದ, ಸಣ್ಣಪುಟ್ಟ ಪಾತ್ರ ಮಾಡಿದ. 1942ರ ‘ಭಕ್ತ ಪ್ರಹ್ಲಾದ’ ಚಿತ್ರದಲ್ಲೂ ಒಂದು ಚಿಕ್ಕ ಪಾತ್ರ. ಹನ್ನೆರಡು ವರ್ಷ ಕಳೆದು 1954ರಲ್ಲಿ ಎಚ್.ಎಲ್.ಎನ್. ಸಿಂಹ ಅವರ ‘ಬೇಡರ ಕಣ್ಣಪ್ಪ’ದಲ್ಲಿ ನಾಯಕನಾಗಿ ನಿಂತಾಗ ಅವನ ಹೆಸರು ರಾಜ್‌ಕುಮಾರ್. ಬೇಟೆಯಾಡುವ, ಮೈಕಟ್ಟಿನ ಬೇಡನ ಕಥೆ ಅದು. ಮ್ಯಾಸನಾಯಕರ ಹಟ್ಟಿಗಳೇ ತುಂಬಿರುವ ನಮ್ಮ ಎರಡು ತಾಲ್ಲೂಕುಗಳಿಗೆ ಕಣ್ಣಪ್ಪ ಹತ್ತಿರದವನಾಗಿ ಕಂಡಿದ್ದರೆ ಆಶ್ಚರ್ಯವಿಲ್ಲ.

ರಾಜ್‌ಕುಮಾರ್ ಪಂದ್ಯ ಆಡಿದವರಲ್ಲ. ಆದರೆ ಮೈಯನ್ನು ಹದವಾಗಿ ಇಟ್ಟುಕೊಳ್ಳುವುದು ನಟನ ಕೆಲಸದ ಭಾಗ ಅನ್ನುವ ಕಂಪನಿಯ ಪಾಠವನ್ನು ಅವರು ಬಿಡಲಿಲ್ಲ. ಐವತ್ತರ ಅಂಚಿನಲ್ಲಿ ಯೋಗ ಕಲಿತರು. 1983ರ ‘ಕಾಮನಬಿಲ್ಲು’ ಚಿತ್ರದಲ್ಲಿ ಅವರ ಆಸನಗಳನ್ನು ನೋಡಿದ ನಮ್ಮ ಅಪ್ಪನ ತಲೆಮಾರಿನವರು ಇವತ್ತಿಗೂ ಆ ಮಾತು ಆಡುತ್ತಾರೆ. ಅದೇ 1983ರಲ್ಲಿ ಮತ್ತೊಮ್ಮೆ ‘ಭಕ್ತ ಪ್ರಹ್ಲಾದ’ ಬಂತು. ಅಪ್ಪ ಪುಟ್ಟಸ್ವಾಮಯ್ಯನವರು ರಂಗದ ಮೇಲೆ ಮೆರೆಸಿದ್ದ ಹಿರಣ್ಯಕಶಿಪುವನ್ನು ಮಗ ತೆರೆಯ ಮೇಲೆ ಮಾಡಿದರು. ಪ್ರಹ್ಲಾದನಾಗಿದ್ದವನು ಮೊಮ್ಮಗ ಪುನೀತ್. ಒಂದೇ ಮನೆಯ ಮೂರು ತಲೆಮಾರು ಒಂದೇ ಕಥೆಯೊಳಗೆ ಬಂದುಹೋಯಿತು.

ಕಬ್ಬಿಣ ಎತ್ತಿದ ಕಾದಂಬರಿಕಾರ

ಇನ್ನು ಬೆಂಗಳೂರಿಗೆ ಬರೋಣ. 1904-05ರ ಹೊತ್ತಿಗೆ ಯೂಜೆನ್ ಸ್ಯಾಂಡೋ ಅನ್ನುವ ಜರ್ಮನ್ ಮೂಲದ ಬಲಶಾಲಿ ಭಾರತದಲ್ಲಿ ಪ್ರದರ್ಶನ ಕೊಟ್ಟು ಹೋದ. ಆಮೇಲೆ ದಕ್ಷಿಣದಲ್ಲೆಲ್ಲ ‘ಸ್ಯಾಂಡೋ’ ಒಂದು ಬಿರುದಾಯಿತು. ತೋಳಿಲ್ಲದ ಬನಿಯನ್ನಿಗೂ ಅದೇ ಹೆಸರು ಬಂತು. ಇಂದಿಗೂ ಚಳ್ಳಕೆರೆ ಸಂತೆಯಲ್ಲಿ ‘ಸ್ಯಾಂಡೋ ಬನೀನು’ ಕೇಳಿದರೆ ಕೊಡುತ್ತಾರೆ.

ಆ ಗಾಳಿಯಲ್ಲಿ ಬೆಳೆದವರು ಕೋಲಾರ ಕಡೆಯ ಕೆ.ವಿ. ಅಯ್ಯರ್. ಬೆಂಗಳೂರಿನಲ್ಲಿ ಹರ್ಕ್ಯುಲಿಸ್ ಹೆಸರಿನ ವ್ಯಾಯಾಮಶಾಲೆ ನಡೆಸಿದರು. ಬಾರ್‌ಬೆಲ್ ಎತ್ತುವುದನ್ನೂ ಸೂರ್ಯನಮಸ್ಕಾರವನ್ನೂ ಒಟ್ಟಿಗೆ ಕಲಿಸಿದರು. 1930ರಲ್ಲಿ ‘ಮಸಲ್ ಕಲ್ಟ್’ ಅನ್ನುವ ಇಂಗ್ಲಿಷ್ ಪುಸ್ತಕ ಬರೆದರು. ದೂರದ ಊರಿನವರಿಗೆ ಅಂಚೆಯ ಮೂಲಕವೂ ವ್ಯಾಯಾಮದ ಪಾಠ ಕಳಿಸಿದರು. ಮೈಸೂರು ಅರಮನೆಯ ಆಶ್ರಯವೂ ಅವರಿಗೆ ಸಿಕ್ಕಿತು. ಇದೇ ಮನುಷ್ಯ ಟಿ.ಪಿ. ಕೈಲಾಸಂ ಅವರ ಆಪ್ತ, ಹವ್ಯಾಸಿ ನಾಟಕಗಳ ನಟ, ಜೊತೆಗೆ ‘ಶಾಂತಲಾ’, ‘ರೂಪದರ್ಶಿ’ ಕಾದಂಬರಿಗಳ ಲೇಖಕ.

‘ರೂಪದರ್ಶಿ’ಯ ಕಥೆ ಗೊತ್ತಿರುವವರಿಗೆ ನಾನು ಇದನ್ನು ಯಾಕೆ ಹೇಳುತ್ತಿದ್ದೇನೆ ಅಂತ ತಿಳಿಯುತ್ತದೆ. ಒಬ್ಬ ಚಿತ್ರಕಾರ ಬಾಲ ಯೇಸುವಿನ ಚಿತ್ರಕ್ಕೆ ತಕ್ಕ ಮುಖವನ್ನು ಹುಡುಕಿ, ಮುದ್ದಾದ ಒಂದು ಮಗುವನ್ನು ಕಂಡುಕೊಳ್ಳುತ್ತಾನೆ. ಎಷ್ಟೋ ವರ್ಷದ ಮೇಲೆ ದ್ರೋಹಿ ಯೂದನ ಚಿತ್ರಕ್ಕೆ ಕೆಟ್ಟ ಮುಖವೊಂದನ್ನು ಹುಡುಕುತ್ತಾನೆ. ಸಿಕ್ಕವನು ಅದೇ ಮಗು, ಈಗ ಬದುಕಿನಲ್ಲಿ ಹಾಳಾದ ದೊಡ್ಡವನು. ಸಾವಿರಾರು ಹುಡುಗರ ಮೈಯನ್ನು ಕಣ್ಣಾರೆ ತಿದ್ದಿದ ವ್ಯಾಯಾಮದ ಮೇಷ್ಟ್ರು ಬರೆದ ಕಥೆ ಇದು. ಮಗುವಿನ ಮುಖವನ್ನು ಬಳಸಿಕೊಂಡವರು ಆಮೇಲೆ ಆ ಮಗು ಏನಾಯಿತು ಅಂತ ನೋಡಲಿಲ್ಲ ಅನ್ನುವುದೇ ನನಗೆ ಆ ಕಾದಂಬರಿಯಲ್ಲಿ ಚುಚ್ಚುವ ಮಾತು. ಬಾಲನಟರ ಬಗ್ಗೆ ಬರೆಯುವ ಯಾರಿಗೇ ಆದರೂ ಈ ಕಥೆ ನೆನಪಾಗಬೇಕು.

ದುರ್ಗದ ಬಂಡೆಯ ಮೇಲೆ ಇಬ್ಬರು

ಈಗ ಮತ್ತೆ ನಮ್ಮ ಜಿಲ್ಲೆಗೆ. ಚಳ್ಳಕೆರೆ ತಾಲ್ಲೂಕಿನ ತಳುಕು ಅಂದರೆ ಓದಿದವರಿಗೆಲ್ಲ ಗೊತ್ತು. ಟಿ.ಎಸ್. ವೆಂಕಣ್ಣಯ್ಯನವರ ಊರು, ತ.ರಾ. ಸುಬ್ಬರಾಯರ ಮನೆತನದ ಊರು. ತರಾಸು ಅವರ ‘ನಾಗರಹಾವು’, ‘ಒಂದು ಗಂಡು ಎರಡು ಹೆಣ್ಣು’, ‘ಸರ್ಪಮತ್ಸರ’ ಈ ಮೂರು ಕಾದಂಬರಿ ಸೇರಿಸಿ ಪುಟ್ಟಣ್ಣ ಕಣಗಾಲ್ 1972ರ ಡಿಸೆಂಬರಿನಲ್ಲಿ ‘ನಾಗರಹಾವು’ ಚಿತ್ರ ಕೊಟ್ಟರು. ಚಿತ್ರದುರ್ಗದ ಕೋಟೆಯಲ್ಲೇ ಚಿತ್ರೀಕರಣ.

ಅದರ ರಾಮಾಚಾರಿ ವಿಷ್ಣುವರ್ಧನ್. ಅವರನ್ನು ಹೊಸ ಮುಖ ಅಂತಲೇ ಎಲ್ಲರೂ ಬರೆಯುತ್ತಾರೆ. ಆದರೆ 1950ರಲ್ಲಿ ಹುಟ್ಟಿದ ಸಂಪತ್‌ಕುಮಾರ್ ಅನ್ನುವ ಆ ಹುಡುಗ 1955ರ ‘ಶಿವಶರಣೆ ನಂಬೆಕ್ಕ’, 1956ರ ‘ಕೋಕಿಲವಾಣಿ’ ಚಿತ್ರಗಳಲ್ಲೇ ಬಾಲನಟನಾಗಿ ಕಾಣಿಸಿಕೊಂಡಿದ್ದ. ಐದಾರು ವರ್ಷದ ಮಗುವಾಗಿ ತೆರೆಗೆ ಬಂದವನು, ನಡುವಿನ ವರ್ಷಗಳನ್ನು ದಾಟಿ, ದುರ್ಗದ ಬಂಡೆಯ ಮೇಲೆ ಸಿಟ್ಟಿನ ಯುವಕನಾಗಿ ನಿಂತ.

ಅದೇ ಚಿತ್ರದಲ್ಲಿ ಗರಡಿಯ ಉಸ್ತಾದನಾಗಿ ಬಂದವರು ಎಂ.ಪಿ. ಶಂಕರ್. ಇವರದು ಎದುರು ದಿಕ್ಕಿನ ದಾರಿ. 1935ರಲ್ಲಿ ಮೈಸೂರಿನಲ್ಲಿ ಹುಟ್ಟಿ, ಗರಡಿಯಲ್ಲಿ ಬೆಳೆದು, ಕುಸ್ತಿಯಲ್ಲಿ ಹೆಸರು ಮಾಡಿದ ಮೇಲೆ ಬಣ್ಣಕ್ಕೆ ಬಂದವರು. ಮೈಸೂರು ಅಂದರೆ ಕುಸ್ತಿಯ ತವರು. ದಸರೆಗೆ ಅರಮನೆಯಂಗಳದಲ್ಲಿ ಜಟ್ಟಿಗಳ ವಜ್ರಮುಷ್ಟಿ ಕಾಳಗ ನಡೆಯುವ ಊರು. 1962ರ ‘ರತ್ನಮಂಜರಿ’ಯಿಂದ ಸಿನಿಮಾಕ್ಕೆ ಬಂದ ಶಂಕರ್, 1965ರ ‘ಸತ್ಯ ಹರಿಶ್ಚಂದ್ರ’ದಲ್ಲಿ ವೀರಬಾಹು ಆದರು. ಸುಡುಗಾಡಿನ ಒಡೆಯನಾಗಿ ಅವರು ಹೆಜ್ಜೆ ಹಾಕಿದ ಹಾಡನ್ನು ಈಗಿನ ಹುಡುಗರೂ ಗುನುಗುತ್ತಾರೆ. ಆ ಪಾತ್ರಕ್ಕೆ ಬೇರೆ ಯಾರನ್ನೂ ನೆನೆಸಿಕೊಳ್ಳಲು ನನಗೆ ಆಗುವುದಿಲ್ಲ. ಹೆಗಲಿನಿಂದಲೇ ನಟಿಸುವುದು ಹೇಗೆ ಅಂತ ಅಲ್ಲಿ ಕಾಣುತ್ತದೆ. 1973ರಲ್ಲಿ ‘ಗಂಧದ ಗುಡಿ’ ಚಿತ್ರವನ್ನು ನಿರ್ಮಿಸಿ ಕಾಡಿನ ರಕ್ಷಣೆಯ ಮಾತನ್ನು ಕನ್ನಡ ಸಿನಿಮಾದಲ್ಲಿ ಗಟ್ಟಿಯಾಗಿ ಹೇಳಿದವರೂ ಅವರೇ. 2008ರ ಜುಲೈಯಲ್ಲಿ ತೀರಿಕೊಂಡರು.

ಬಾಲನಟನಾಗಿ ಶುರುಮಾಡಿದವನೊಬ್ಬ, ಕುಸ್ತಿಪಟುವಾಗಿ ಶುರುಮಾಡಿದವನೊಬ್ಬ, ತಳುಕಿನ ಮನೆತನದವರು ಬರೆದ ಕಥೆಗೆ ದುರ್ಗದಲ್ಲಿ ಸೇರಿದರು. ಕೋಟೆ ನೋಡಲು ಬಂದವರಿಗೆ ಗೈಡುಗಳು ‘ನಾಗರಹಾವು’ ಚಿತ್ರೀಕರಣದ ಜಾಗ ತೋರಿಸುತ್ತಾರೆ. ಈ ಸಂಗತಿಯನ್ನೂ ಒಂದು ಸಾಲು ಸೇರಿಸಿ ಹೇಳಬಹುದು.

ನಮ್ಮ ಗಡಿಯ ಆಚೆಗೂ ಒಂದು ಹೆಸರಿದೆ. ಚಳ್ಳಕೆರೆ, ಮೊಳಕಾಲ್ಮುರು ಎರಡೂ ತಾಲ್ಲೂಕುಗಳಲ್ಲಿ ತೆಲುಗು ಮನೆಮಾತಿನವರು ಬಹಳ. ರಾಯದುರ್ಗ, ಕಲ್ಯಾಣದುರ್ಗದ ನೆಂಟಸ್ತಿಕೆ ಬೇರೆ. ಹಾಗಾಗಿ 1963ರ ‘ನರ್ತನಶಾಲ’ ತೆಲುಗು ಚಿತ್ರ ನಮ್ಮ ಹಿರಿಯರಿಗೂ ಗೊತ್ತು. ಅದರಲ್ಲಿ ಕೀಚಕ ಎಸ್.ವಿ. ರಂಗಾರಾವ್, ಭೀಮ ದಂಡಮೂಡಿ ರಾಜಗೋಪಾಲ್. ಈ ರಾಜಗೋಪಾಲ್ ಭಾರ ಎತ್ತುವುದರಲ್ಲಿ ದೇಶಕ್ಕೆ ಹೆಸರಾದವರು. 1951ರಲ್ಲಿ ದೆಹಲಿಯಲ್ಲಿ ನಡೆದ ಮೊದಲ ಏಷ್ಯನ್ ಗೇಮ್ಸ್‌ನಲ್ಲಿ ಪದಕ ಗೆದ್ದವರು. ಜಾತ್ರೆಯ ಕಣದಿಂದ ರಾತ್ರಿಯ ನಾಟಕಕ್ಕೆ ಬರುತ್ತಿದ್ದ ನಮ್ಮೂರ ಭೀಮ ಮತ್ತು ಏಷ್ಯಾ ಕ್ರೀಡಾಕೂಟದಿಂದ ಸ್ಟುಡಿಯೋಗೆ ಬಂದ ಈ ಭೀಮ, ಇಬ್ಬರದೂ ಒಂದೇ ರೂಢಿ.

ಅಪ್ಪು ಹೋದ ದಿನ

2021ರ ಅಕ್ಟೋಬರ್ 29, ಶುಕ್ರವಾರ. ಆ ದಿನ ಎಲ್ಲಿದ್ದಿರಿ ಅಂತ ಕೇಳಿದರೆ ಕನ್ನಡದವರೆಲ್ಲ ಉತ್ತರ ಹೇಳುತ್ತಾರೆ. ನಾನು ಬೇರೊಂದು ವರದಿ ಕಳಿಸಲು ಕೂತಿದ್ದೆ. ಆಫೀಸಿನಿಂದ ಫೋನು ಬಂತು, ನಿನ್ನ ವರದಿ ಇವತ್ತು ಬೇಡ ಅಂದರು.

ಪುನೀತ್ ಅಂದರೆ ಕನ್ನಡಕ್ಕೆ ಬಾಲನಟ ಅನ್ನುವ ಪದದ ಅರ್ಥವೇ. 1975ರಲ್ಲಿ ಹುಟ್ಟಿ, ಕೈಗೂಸಾಗಿದ್ದಾಗಲೇ ‘ಪ್ರೇಮದ ಕಾಣಿಕೆ’ಯಲ್ಲಿ ತೆರೆಗೆ ಬಂದರು. ‘ಚಲಿಸುವ ಮೋಡಗಳು’, ‘ಎರಡು ನಕ್ಷತ್ರಗಳು’ ಚಿತ್ರಗಳಿಗೆ ರಾಜ್ಯ ಪ್ರಶಸ್ತಿ, 1985ರ ‘ಬೆಟ್ಟದ ಹೂವು’ ಚಿತ್ರಕ್ಕೆ ಶ್ರೇಷ್ಠ ಬಾಲನಟ ರಾಷ್ಟ್ರಪ್ರಶಸ್ತಿ. ಆಮೇಲೆ ದೊಡ್ಡ ಬಿಡುವು. 2002ರಲ್ಲಿ ‘ಅಪ್ಪು’ ಚಿತ್ರದ ನಾಯಕನಾಗಿ ಬಂದಾಗ ಆ ಮಗುವಿನ ಮೈ ಬೇರೆಯೇ ಆಗಿತ್ತು. ನೆಗೆತ, ಕುಣಿತ, ಹೊಡೆದಾಟ. ಅವರ ವ್ಯಾಯಾಮದ ವಿಡಿಯೋಗಳನ್ನು ನೋಡಿಯೇ ಜಿಮ್ಮಿಗೆ ಸೇರಿದ ಹುಡುಗರು ನಮ್ಮ ಕಡೆ ಎಷ್ಟೋ ಜನ.

ಆ ಪುನೀತ್ 46ನೇ ವಯಸ್ಸಿಗೆ ಹೃದಯಸ್ತಂಭನದಿಂದ ಹೋದರು. ಅವರು ದಾನ ಮಾಡಿದ ಕಣ್ಣುಗಳಿಂದ ನಾಲ್ವರಿಗೆ ದೃಷ್ಟಿ ಬಂತು. ಮರುದಿನದಿಂದಲೇ ಬೆಂಗಳೂರಿನ ಜಯದೇವ ಆಸ್ಪತ್ರೆಯ ಮುಂದೆ ಎದೆ ಪರೀ‌ಕ್ಷೆಗೆ ಜನ ಸಾಲುಗಟ್ಟಿದರು. ವ್ಯಾಯಾಮವೇ ಕೊಂದಿತು ಅಂತ ವಾಟ್ಸಾಪಿನಲ್ಲಿ ಹರಿದಾಡಿತು. ಒಬ್ಬರ ಸಾವಿನಿಂದ ಅಂಥ ತೀರ್ಮಾನಕ್ಕೆ ಬರಲಾಗದು ಅಂತ ವೈದ್ಯರು ಹೇಳುತ್ತಲೇ ಇದ್ದರು. 2023ರಲ್ಲಿ ರಾಜ್ಯ ಸರ್ಕಾರ ಅವರ ಹೆಸರಲ್ಲಿ ‘ಹೃದಯ ಜ್ಯೋತಿ’ ಯೋಜನೆ ತಂದಿತು. ಎದೆನೋವು ಅಂತ ಬಂದವರಿಗೆ ತಾಲ್ಲೂಕು ಮಟ್ಟದ ಆಸ್ಪತ್ರೆಯಲ್ಲೇ ಇಸಿಜಿ ಮಾಡಿ, ಬೇಕಾದರೆ ರಕ್ತದ ಹೆಪ್ಪು ಕರಗಿಸುವ ಇಂಜೆಕ್ಷನ್ ಉಚಿತವಾಗಿ ಕೊಡುವುದು ಅದರ ಉದ್ದೇಶ. ಜಿಲ್ಲಾಸ್ಪತ್ರೆ ಮುಟ್ಟಲು ಗಂಟೆಗಟ್ಟಲೆ ಬೇಕಾಗುವ ಮೊಳಕಾಲ್ಮುರಿನಂಥ ತಾಲ್ಲೂಕುಗಳಿಗೆ ಇದರ ಬೆಲೆ ಏನು ಅಂತ ಬಿಡಿಸಿ ಹೇಳಬೇಕಿಲ್ಲ.

ನನಗೆ ಕಾಡಿದ್ದು ಇನ್ನೊಂದು ಸಂಗತಿ. ಅಪ್ಪು ಹೋದಾಗ ಟಿವಿಗಳು ತಿರುಗಿ ತಿರುಗಿ ತೋರಿಸಿದ್ದು ಆ ಪ್ರಹ್ಲಾದನನ್ನು, ‘ಬೆಟ್ಟದ ಹೂವು’ ಚಿತ್ರದ ಆ ಹುಡುಗನನ್ನು. ಮಗುವಾಗಿ ತೆರೆಗೆ ಬಂದವರನ್ನು ನಾವು ದೊಡ್ಡವರಾಗಲು ಬಿಡುವುದೇ ಇಲ್ಲ. ಅವರು ಮೈ ದಂಡಿಸಿ, ನಾನು ಈಗ ದೊಡ್ಡವನಾಗಿದ್ದೇನೆ ಅಂತ ತೋರಿಸುತ್ತಲೇ ಇರಬೇಕಾಗುತ್ತದೆ. ಹಾಗೆ ದೊಡ್ಡವರಾಗಿ ಗೆದ್ದ ಕೆಲವರಲ್ಲಿ ಅವರೂ ಒಬ್ಬರು.

ಕಾನೂನಿನ ಒಂದು ಸಾಲು

ಕೊನೆಗೆ ಕಾನೂನಿನ ಮಾತು, ಯಾಕೆಂದರೆ ತಾತನ ಪ್ರಶ್ನೆಗೆ ಉತ್ತರ ನನಗೆ ಅಲ್ಲಿ ಸಿಕ್ಕಿತು. 1986ರ ಬಾಲಕಾರ್ಮಿಕ ಕಾಯ್ದೆಗೆ 2016ರಲ್ಲಿ ತಿದ್ದುಪಡಿ ಬಂತು. 14 ವರ್ಷದೊಳಗಿನ ಮಕ್ಕಳನ್ನು ಯಾವ ಕೆಲಸಕ್ಕೂ ಹಚ್ಚುವಂತಿಲ್ಲ. ಮನೆಯವರಿಗೆ ನೆರವಾಗುವುದನ್ನು ಬಿಟ್ಟರೆ ಒಂದೇ ವಿನಾಯಿತಿ: ಸಿನಿಮಾ, ಧಾರಾವಾಹಿ, ಜಾಹೀರಾತು, ಅಂಥ ಬೇರೆ ಮನರಂಜನೆ ಅಥವಾ ಕ್ರೀಡೆ. ಸರ್ಕಸ್ಸಿಗೆ ಮಾತ್ರ ವಿನಾಯಿತಿ ಇಲ್ಲ. ಬಾಲನಟ, ಬಾಲ ಕ್ರೀಡಾಪಟು ಇಬ್ಬರನ್ನೂ ಕಾನೂನು ಒಂದೇ ಸಾಲಿನಲ್ಲಿ ಕೂರಿಸಿದೆ!

2017ರ ನಿಯಮಗಳ ಪ್ರಕಾರ ಬಾಲ ಕಲಾವಿದರನ್ನು ದಿನಕ್ಕೆ 5 ಗಂಟೆಗಿಂತ ಹೆಚ್ಚು ದುಡಿಸುವಂತಿಲ್ಲ. ಬಿಡುವಿಲ್ಲದೆ 3 ಗಂಟೆ ಮೀರುವಂತಿಲ್ಲ. ಸತತ 27 ದಿನಕ್ಕಿಂತ ಹೆಚ್ಚು ಕೆಲಸ ಮಾಡಿಸುವಂತಿಲ್ಲ. ಜಿಲ್ಲಾಡಳಿತದ ಅನುಮತಿ ಬೇಕು, ಶಾಲೆ ತಪ್ಪಬಾರದು. ದುಡಿಮೆಯಲ್ಲಿ ಕನಿಷ್ಠ ಶೇ. 20ರಷ್ಟನ್ನು ಮಗುವಿನ ಹೆಸರಲ್ಲಿ ಬ್ಯಾಂಕಿನಲ್ಲಿ ಠೇವಣಿ ಇಡಬೇಕು. ಕಂಪನಿ ಕಾಲದ ಬಾಲನಟರಿಗೆ ಇಂಥ ನಿಯಮದ ನೆರಳೂ ಇರಲಿಲ್ಲ. ಊಟ, ವಸತಿ, ಪಾಠ, ಏಟು ಎಲ್ಲಾ ಕಂಪನಿಯದೇ. ರಿಯಾಲಿಟಿ ಶೋ ಆಡಿಷನ್ನಿಗೆ ಮಕ್ಕಳನ್ನು ಕರೆದುಕೊಂಡು ಚಳ್ಳಕೆರೆಯಿಂದ ರಾತ್ರಿ ಬಸ್ಸು ಹತ್ತುವ ಅಪ್ಪ ಅಮ್ಮಂದಿರನ್ನು ನಾನು ಕಂಡಿದ್ದೇನೆ. ಈ ನಿಯಮಗಳು ಇವೆ ಅನ್ನುವುದೇ ಅವರಿಗೆ ಗೊತ್ತಿಲ್ಲ. ಈ ಪ್ಯಾರಾವನ್ನಾದರೂ ಅವರಿಗೆ ಓದಿ ಹೇಳಿ.

ಗರಡಿಯ ಕಡೆಯೂ ಒಂದು ಮಾತು. ಹಳ್ಳಿಗಳ ಎಷ್ಟೋ ಗರಡಿ ಮನೆಗಳಿಗೆ ಬೀಗ ಬಿದ್ದಿದೆ, ಪೇಟೆಯಲ್ಲಿ ಜಿಮ್ಮುಗಳು ತೆರೆದಿವೆ. ಅದರಲ್ಲಿ ಅಳುವಂಥದ್ದೇನೂ ಇಲ್ಲ, ಕಾಲ ಬದಲಾಗುತ್ತದೆ. ಆದರೆ ಹಿಂದೆ ಉಸ್ತಾದ್ ಒಬ್ಬ ಹುಡುಗನನ್ನು ವರ್ಷಗಟ್ಟಲೆ ನೋಡಿ, ಮೈ ಹದಕ್ಕೆ ಬಂದ ಮೇಲೆ ಮುಂದಿನ ತೂಕ ಕೊಡುತ್ತಿದ್ದರು. ಈಗ ಮೂರು ತಿಂಗಳ ಪ್ಯಾಕೇಜು, ಡಬ್ಬಿ ಪುಡಿ, ಯಾರೋ ಹೇಳಿದ ಇಂಜೆಕ್ಷನ್ನು. ನಮ್ಮ ನಾಯಕನಹಟ್ಟಿ ತಿಪ್ಪೇರುದ್ರಸ್ವಾಮಿಗಳ ಹೆಸರಲ್ಲಿ ಜನ ಹೇಳುವ ಮಾತೊಂದಿದೆಯಲ್ಲ, ‘ಮಾಡಿದಷ್ಟು ನೀಡು ಭಿಕ್ಷೆ’ ಅಂತ. ಮೈಗೂ ಅದೇ ಲೆಕ್ಕ. ಮಾಡಿದಷ್ಟೇ ಬರುತ್ತದೆ, ಅದಕ್ಕಿಂತ ಬೇಗ ಕೇಳಿದರೆ ಬೇರೆ ಕಡೆಯಿಂದ ಕಿತ್ತುಕೊಳ್ಳುತ್ತದೆ.

ತಾತ ಹೋಗಿ ಆರು ವರ್ಷ ಆಯಿತು. ಅರ್ಜಿ ತುಂಬಲೇ ಇಲ್ಲ. ಹಾಕೋಣ ಅಂದಾಗಲೆಲ್ಲ ‘ದೇವರ ಮುಂದೆ ಆಡಿದ್ದಕ್ಕೆ ಕೂಲಿ ಕೇಳ್ತಾರೇನಪ್ಪಾ’ ಅನ್ನುತ್ತಿದ್ದರು. ಅವರಿಗೆ ಬೇಕಿರಲಿಲ್ಲ ಅಂತ ನಾನು ಸಮಾಧಾನ ಮಾಡಿಕೊಳ್ಳಬಹುದು. ಆದರೆ ಕೊನೆಯ ವರ್ಷಗಳಲ್ಲಿ ಮಂಡಿ ನೋವಿನ ಮಾತ್ರೆಯನ್ನು ಎರಡು ತುಂಡು ಮಾಡಿ, ಅರ್ಧ ನಾಳೆಗೆ ಇಡುತ್ತಿದ್ದುದನ್ನು ನೋಡಿದ್ದೇನೆ. ಬಸ್ಕಿ ಹೊಡೆದ, ಗುಂಡು ಎತ್ತಿದ, ಬೆಳಗಿನ ಜಾವದವರೆಗೆ ಕಿರೀಟ ಹೊತ್ತು ನಿಂತ ಮಂಡಿಗಳು ಅವು.

ನಮ್ಮ ಎರಡು ತಾಲ್ಲೂಕುಗಳಲ್ಲಿ ಇಂಥವರು ಇನ್ನೂ ಇದ್ದಾರೆ. ಕಟ್ಟೆಯ ಮೇಲೆ ಕೂತಿರುತ್ತಾರೆ, ಮಾತಾಡಿಸಿದರೆ ಪದ್ಯ ಹೇಳುತ್ತಾರೆ, ತೋಳು ಮುಟ್ಟಿ ನೋಡು ಅನ್ನುತ್ತಾರೆ. ಅವರ ಬಳಿ ಪ್ರಮಾಣಪತ್ರ ಇಲ್ಲ, ಹಳೇ ಫೋಟೋ ಇದ್ದರೆ ಇದ್ದೀತು. ಬಳಗದ ಗೆಳೆಯರಲ್ಲಿ ನನ್ನ ಮನವಿ ಇಷ್ಟೇ. ನಿಮ್ಮ ಊರಿನ ಅಂಥ ಒಬ್ಬರನ್ನು ಈ ವಾರ ಮಾತಾಡಿಸಿ, ಫೋಟೋ ಇದ್ದರೆ ಮೊಬೈಲಲ್ಲಿ ತೆಗೆದಿಟ್ಟುಕೊಳ್ಳಿ, ಹೆಸರು ಮತ್ತು ವರ್ಷ ಬರೆದಿಡಿ. ಅರ್ಜಿ ತುಂಬಲು ಒಪ್ಪಿದರೆ ಎರಡು ಅರ್ಜಿಯನ್ನೂ ಕೈಲಿ ಹಿಡಿದು ಅವರ ಜೊತೆ ಹೋಗಿ. ‘ಕಲಾವಿದರೋ, ಪೈಲ್ವಾನರೋ’ ಅಂತ ಕೇಳಿದರೆ, ಎರಡೂ ಅಂತ ಹೇಳಿ ಅಲ್ಲೇ ನಿಲ್ಲಿ.